ಜಾಂಬೋಟಿ ದಾಟಿದ ಮಾಂಡೆ ಬುಟ್ಟಿ

...ಏನ್ ಮಹಾ ಆತು, ಸ್ವಲ್ಪ ನಡಾ ಹಿಡದಾವ ಅಷ್ಟ ಹೌದಲ್ಲ! ಕಾರಿನ್ಯಾಗ ಮೆತ್ತಗ ಕುಂತು ಗೋವಾಕ್ಕ ಹೋಗಿ ಬಂದು, "ಆಯಿ, ಜಾಂಬೋಟಿ ದಾಟಿದ್ರ ರಸ್ತಾನ ಇಲ್ಲ, ಬರೇ ತೆಗ್ಗು, ಬರೇ ಧೂಳು" ಅಂತ ನಿನ್ನಿಯಿಂದ ಇಬ್ರೂ ಅಳಾಕತ್ತೀರಿ. ಆಕಾಶ, ಆ ಮೊಬೈಲ್ ಅತ್ಲಾಗ ಇಡು. ಸ್ಫೂರ್ತಿ, ಆ ತಲಿದಿಂಬ ಇಲ್ಲೆ ಬೆನ್ನಿಗೆ ಕೊಡವಾ. ಹಾಂ. ಅದ ರಸ್ತಾದಾಗ ನಿಮ್ಮ ಆಯಿ ತನ್ನ ಮೊದಲನೇ ದೊಡ್ಡ ಕೆಲಸಕ್ಕ ಹೋಗಿದ್ಳು, ಗೊತ್ತೈತೇನು? ತಲಿ ಮ್ಯಾಲೆ ಬುಟ್ಟಿ, ಬುಟ್ಟ್ಯಾಗ ಇಪ್ಪತ್ತೊಂದು ಮಾಂಡೆ!

ಆಗ ಈ ಹಿಂದವಾಡಿ ಮನಿ ಎಲ್ಲಿತ್ತು? ಬೆಳಗಾವಿ ಶಹಾಪುರದಾಗ ಒಂದ ಖೋಲಿ, ಅದರಾಗ ಅರ್ಧಾ ಮಗ್ಗ, ಉಳದ ಅರ್ಧಾದಾಗ ನಾವು. ನಿಮ್ಮಪ್ಪ ತೊಟ್ಟಲದಾಗ. ನಿಮ್ಮ ಅಜ್ಜಾರು ಸೈಕಲ್ ಮ್ಯಾಲಿಂದ ಬಿದ್ದು ಬಲಗೈ ಮುರಕೊಂಡು ಕುಂತ್ರು, ಮಗ್ಗ ನಿಂತು ಬಿಡ್ತು. ಮೂರು ತಿಂಗಳು, ಅಲ್ಲ, ನಾಕ ತಿಂಗಳಿರಬೇಕು, ಮನ್ಯಾಗ ಜ್ವಾಳದ ಡಬ್ಬಿ ತಳಾ ಕಾಣಾಕತ್ತಿತ್ತು. ಆವಾಗ ನಾ ಬಾಜು ಓಣಿ ಗಂಗಕ್ಕನ ಕಡೆ ಕೆಲಸಕ್ಕ ಹೋದೆ. ಆಕಿ ಲಗ್ನದ ಮನಿಗೆ ಮಾಂಡೆ ಮಾಡಿ ಕೊಡಾಕಿ. ನೀವು ಅಂಗಡ್ಯಾಗ ಡಬ್ಬಿದಾಗ ನೋಡೀರಲ್ಲ, ಅದಲ್ಲ. ಆಕಿ ಹಿಟ್ಟಿನ ಉಂಡಿ ಎರಡೂ ಕೈ ಮ್ಯಾಲೆ ಹಾರಿಸಿ ಹಾರಿಸಿ ಅರಿವಿಯಂಗ ತೆಳ್ಳಗ ಮಾಡಿ, ಬೋರಲು ಹಾಕಿದ ಕಬ್ಬಿಣದ ಕಡಾಯಿ ಮ್ಯಾಲೆ ಬೇಯಿಸಿ, ಸಕ್ರಿ ಪುಡಿ ಉದುರಿಸಿ ಬಿಸಿ ಇದ್ದಾಗ ಮಡಿಚಿ ಇಡ್ತಿದ್ಳು. ಆರಿತು ಅಂದ್ರ ಗರಿಗರಿ! ಬೆರಳು ಮುಟ್ಟಿಸಿದ್ರ ಪಟ್ ಅಂತ ಮುರೀತಿತ್ತು. ನನಗ ಹಿಟ್ಟು ನಾದೂ ಕೆಲಸ ಅಷ್ಟ. ಕಡಾಯಿ ಹತ್ರ ಬರಾಕ ಬಿಡ್ತಿದ್ದಿಲ್ಲ.

ಒಂದಿನ ಇಪ್ಪತ್ತೊಂದು ಮಾಂಡೆ ಬೇಯಿಸಿ ಬುಟ್ಟಿ ತುಂಬಿ ಇಟ್ಟ ಮ್ಯಾಲೆ ಗಂಗಕ್ಕಗ ಜ್ವರಾ ಬಂತು. ಅವತ್ತ ಕಣಕುಂಬಿ ಕಡೆ ಒಂದ ಹಳ್ಯಾಗ ಲಗ್ನ. ನಮ್ಮ ಶಹಾಪುರದ ಸಾವಕ್ಕನ ಮಗಳನ್ನ ಅಲ್ಲಿ ಮರಾಠಿ ಮಂದಿಗೆ ಕೊಟ್ಟಿದ್ರು. ಬೀಗರ ಮುಂದ ಹೆಣ್ಣಿನ ಕಡೆಯಿಂದ ರುಖವತ ಅಂತ ಫರಾಳದ ತಿಂಡಿ, ಪಾತ್ರಿ ಭಾಂಡೆ ಎಲ್ಲಾ ಹೊಂದಿಸಿ ಇಡ್ತಾರಲ್ಲ, ಅದರಾಗ ಐದು ಮಾಂಡೆ ಸಾಬೂತ ಇರಬೇಕು. ಮುರದಿದ್ದು ಇಟ್ರ ಹೆಣ್ಣಿನ ಅವ್ವಗ ಮಾರಿ ಎತ್ತಾಕ ಆಗಾಂಗಿಲ್ಲ. ಗಂಗಕ್ಕ ಹೊಚಿಗೊಂಡು ಮಲಗಿದಲ್ಲಿಂದ ಹೇಳಿದ್ಳು, "ನೋಡಬೇ, ಐದು ಸಾಬೂತ ಮುಟ್ಟಿಸಿ ಬಂದ್ರ ನಾಳಿಯಿಂದ ಒಂದ ಕಡಾಯಿ ನಿಂದು. ಇಲ್ಲಂದ್ರ ಹಿಟ್ಟ ನಾದಕೋತ ಕುಂದ್ರು, ಜಲ್ಮಪೂರ್ತಿ." ಕಡಾಯಿ ಅಂದ್ರ ದಿನಾ ಕೈಯಾಗ ಕೆಲಸ, ನನ್ನ ಕೂಸಿಗೆ ಹಾಲು.

ಜಾಂಬೋಟಿ ತನಕಾ ಡಾಂಬರು, ಬಸ್ಸು ಬರೋಬ್ಬರಿ ಹೋತು. ಅಲ್ಲಿಂದ ಮುಂದ ಕೆಂಪು ಮಣ್ಣು. ಎರಡೂ ಬಾಜು ಹೊತ್ತು ಕಾಣಧಂಗ ಅಡವಿ, ಒಂದ ಕಡೆ ಗುಡ್ಡ, ಒಂದ ಕಡೆ ಕಣಿವಿ. ಬಸ್ಸಿನ ಕಿಡಕ್ಯಾಗಿಂದ ಧೂಳು ಒಳಗ ಬಂದು ಎಲ್ಲಾರ ಹುಬ್ಬೂ ಕೆಂಪು! ಕಂಡಕ್ಟರನ ಬಿಳಿ ಮೀಸಿ ಅಂತೂ ಮೆಹಂದಿ ಹಚ್ಚಿದಂಗ ಆಗಿತ್ತು. ನನಗ ನಗು ಬಂತು, ಆಮ್ಯಾಲೆ ಅಂಜಿಕಿನೂ ಬಂತು, ಅಯ್ಯ, ಮಾಂಡೆನೂ ಕೆಂಪ ಆದ್ರ? ಮುರದ್ರ? ಆವಾಗ ನಾ ಒಂದ ಶಾಣ್ಯಾತನ ಮಾಡಿದೆ ನೋಡ್ರಿ. ನಾ ಮಗ್ಗದ ಮನಿ ಹೆಣಮಗಳು. ನೂಲು ಒಣಗಿದ್ರ ಹರೀತೈತಿ, ನೀರು ಚಿಮುಕಿಸಿದ್ರ ಹರಿಯಾಂಗಿಲ್ಲ, ಇದು ನನಗ ಹುಟ್ಟಿದಾಗಿಂದ ಗೊತ್ತು. ಹಂಗಾರ ಮಾಂಡೆನೂ ಹಂಗ ಅಂತ ತಿಳದೆ. ನಡುವ ಒಂದ ಹಳ್ಳದ ಹತ್ರ ಬಸ್ಸು ನಿಂತಾಗ, ನನ್ನ ಹಳೇ ಸೀರಿ ತುಂಡು ಹಸಿ ಮಾಡಿಕೊಂಡು ಬಂದು ಬುಟ್ಟಿ ಸುತ್ತ ಗಟ್ಟಿ ಸುತ್ತಿದೆ. ಮ್ಯಾಲೆನೂ ಹೊಚ್ಚಿದೆ.

ಏರಿನ್ಯಾಗ ಬಸ್ಸು ಗುರ್ ಗುರ್ ಅಂತ ನಿಂತು ಬಿಡ್ತು. ಕಂಡಕ್ಟರ ಕೂಗಿದ, "ಇಳೀರಿ, ಇಳೀರಿ, ಏರು ಮುಗಿಯೂತನ ನಡೀರಿ!" ನಾ ಬುಟ್ಟಿ ತಲಿ ಮ್ಯಾಲೆ ಹೊತಗೊಂಡೆ. ಕಂಡಕ್ಟರ ನನ್ನ ಮುಂದ ಮುಂದ, "ತಂಗೀ, ಇಲ್ಲೆ ಕಲ್ಲು ಐತಿ. ಎಡಕ್ಕ ಬಾ. ಇಲ್ಲೆ ಜಾರತೈತಿ" ಅಂತ ದಾರಿ ತೋರಿಸಿದ. ಮತ್ತ ಬಸ್ ಹತ್ತಿದ ಮ್ಯಾಲೆ ತೊಡಿ ಮ್ಯಾಲೆ ಬುಟ್ಟಿ, ಕಣ್ಣು ಮುಂದಿನ ತೆಗ್ಗಿನ ಮ್ಯಾಲೆ. ತೆಗ್ಗು ಬಂತು ಅಂದ್ರ ನಾ ಬುಟ್ಟಿ ಮ್ಯಾಲೆತ್ತಾಕಿ, ಬಾಜು ಕುಂತ ಮಂದಿನೂ ಕೈ ಹಚ್ಚಾವ್ರು. ಅರ್ಧಾ ಬಸ್ಸ ಆ ಬುಟ್ಟಿ ಹಿಡದಿತ್ತು ಅನ್ರಿ!

ಲಗ್ನದ ಮನಿ ಮುಟ್ಟಿದೆ. ಹಿಂದಿನ ಪಡಸಾಲ್ಯಾಗ ಸಾವಕ್ಕ ಓಡಿ ಬಂದ್ಳು. "ಮುರದಾವೇನಬೇ?" ಬುಟ್ಟಿ ಬಿಚ್ಚಿದೆ. ಒಂದ, ಎರಡ, ಹತ್ತ, ಇಪ್ಪತ್ತೊಂದು. ಒಂದೂ ಮುರದಿಲ್ಲ! ಸಾವಕ್ಕ ನನ್ನ ಗಲ್ಲಾ ಸವರಿ ಒಂದ ಮಾಂಡೆ ಎತ್ತಿದ್ಳು. ಅದು ಆಕಿ ಕೈ ಮ್ಯಾಲೆ ಹಸಿ ಅರಿವಿಯಂಗ ಜೋತು ಬಿತ್ತು. ಇನ್ನೊಂದ ಎತ್ತಿದ್ಳು, ಅದೂ ಜೋತು. "ಏನ ಮಾಡೀದಿ ನಮ್ಮವ್ವಾ! ಬೀಗರ ಮುಂದ ನಾ ಇದನ್ನ ಇಡ್ಲಿ? ನನ್ನ ಮಗಳ ಬಾಳೇ ಹೆಂಗ?" ಅಂತ ಬಡಕೊಳ್ಳಾಕತ್ತಿದ್ಳು. ನನ್ನ ಕಡಾಯಿ ಹೋತು, ಕೂಸಿನ ಹಾಲು ಹೋತು ಅಂತ ನಾ ಅಲ್ಲೆ ನೆಲದ ಮ್ಯಾಲೆ ಕುಂತು ಅತ್ತೆ. ಖರೇ ಹೇಳ್ತೀನಿ, ಬಾಯಿ ಮಾಡಿ ಅತ್ತೆ.

ಅಷ್ಟರಾಗ ವರನ ತಾಯಿನ ಒಳಗ ಬಂದ್ಳು! ದಪ್ಪ ಹೆಣಮಗಳು, ಮೂಗಿನ್ಯಾಗ ಇಷ್ಟು ದೊಡ್ಡ ನತ್ತು. "ಕಾಯ್ ಝಾಲಂ? ಏನಾತು?" ಅಂದ್ಳು. ಸಾವಕ್ಕ ಬುಟ್ಟಿ ಬೆನ್ನ ಹಿಂದ ಸರಿಸಿದ್ಳು, ಬುಟ್ಟಿ ಏನ ಸಣ್ಣದೇನು, ಕಾಣಧಂಗ ಇರಾಕ? ಆಕಿ ತಾನ ಬಗ್ಗಿ ಒಂದ ಮಾಂಡೆ ಎತ್ತಿ ನೋಡಿದ್ಳು. ಆಕಿ ಹೊಟ್ಟಿ ಅಲ್ಲಾಡಿಸಿ ನಗಾಕತ್ತಿದ್ಳು. "ತಂಗೀ, ನನ್ನ ಲಗ್ನಕ್ಕ ಬೆಳಗಾವಿಯಿಂದ ಮಾಂಡೆ ತಂದಿದ್ರು, ಪುಡಿ ಆಗಿ ಬಂದಿದ್ವು, ಚಮಚಾದಾಗ ತಿಂದ್ವಿ. ಈ ದಾರ್ಯಾಗ ಸಾಬೂತ ಬಂದಿದ್ದು ಇದ ಮೊದಲು. ಮೆತ್ತಗಾದ್ರ ಏನಾತು, ಏಳು, ಒಲಿ ಹಚ್ಚೂಣು!"

ಹಂಗ ಅಂದು ತಾನ ದೊಡ್ಡ ಕಡಾಯಿ ಕೆಂಡದ ಮ್ಯಾಲೆ ಬೋರಲು ಹಾಕಿದ್ಳು. ಜರತಾರಿ ಸೀರಿ ಉಟ್ಟ ಬೀಗತಿ ಒಲಿ ಮುಂದ ಕುಂತು ಕೆಂಡ ಸರಸಾಕಿ, ನಾ ಮಾಂಡೆ ಹಾಕಾಕಿ. ಮೊದಲನೇದು ಕರ್ರಗಾತು. ಎರಡನೇದು ಎತ್ತೂದರಾಗ ಮುರೀತು. "ಉರಿ ಬ್ಯಾಡ, ಬರೇ ಕಾವು ಸಾಕು" ಅಂದ್ಳು ಆಕಿ. ಆಮ್ಯಾಲೆ ಕೈ ಕೂತು ನೋಡ್ರಿ! ಏಳು ಮಾಂಡೆ ಗರಿಗರಿ ಸಾಬೂತ ಎದ್ವು. ಐದು ರುಖವತಕ್ಕ, ಎರಡ ಸಾವಕ್ಕ ಬಾಜುಕ ಇಟ್ಕೊಂಡ್ಳು. ಉಳದದ್ದು ಹಾಲಿನ್ಯಾಗ ಕಲಸಿ ಎಲ್ಲಾರೂ ತಿಂದ್ವಿ.

ಮರುದಿನ ಗಂಗಕ್ಕಗ ಎಲ್ಲಾ ಹೇಳಿದೆ, ಒಂದೂ ಮುಚ್ಚಿಡಲಿಲ್ಲ. ಆಕಿ "ಕಡಾಯಿ ಕಾವು ನಿನಗ ಯಾರು ಕಲಿಸಿದ್ರು?" ಅಂದ್ಳು. "ಬೀಗತಿ" ಅಂದೆ. "ಭೇಷ್, ನನಗ ಕಲಿಸೂ ತ್ರಾಸ ತಪ್ಪಿತು" ಅಂದು ಎರಡನೇ ಕಡಾಯಿ ಒಲಿ ಮ್ಯಾಲೆ ಎತ್ತಿಟ್ಳು. ಅವತ್ತ ನಾ ಮನಿಗೆ ಕುಣಕೋತ ಹೋದೆ. ಅದ ಕಡಾಯಿ ನಿಮ್ಮಪ್ಪನ ಸಾಲಿ ಮುಗಿಸ್ತು.

ಹಂಗಂತ ರಸ್ತಾಕ್ಕ ಬೈಯಬ್ಯಾಡ್ರಿ ಅನ್ನಾಂಗಿಲ್ಲ ನಾ. ಬೈರಿ, ಬೈದ್ರರ ಯಾರರ ಡಾಂಬರು ಹಾಕ್ಯಾರು. ಆದ್ರ ಒಂದ ಮಾತು ಕೇಳ್ರಿ. ನಾ ದಾರಿ ತುಂಬ ತೆಗ್ಗ ಎಣಸಕೋತ ಕುಂತಿದ್ದೆ, ಬುಟ್ಟ್ಯಾಗ ನನ್ನ ಕೈಯಾರೆ ಏನ ಕೆಡಸಾಕತ್ತೀನಿ ಅಂತ ಒಮ್ಮಿನೂ ತಗದು ನೋಡ್ಲಿಲ್ಲ. ನೀವರ ನಿಮ್ಮ ಬುಟ್ಟಿ ಒಮ್ಮೆ ತಗದು ನೋಡ್ರಿ.