ಕಿಟಕಿ ಪಕ್ಕದ ಮಂಚ

...ಆ ಕುರ್ಚಿ ಬೇಡ ಅತ್ತಿಗೆ, ಅದರ ಒಂದು ಕಾಲು ಬರೀ ಅಂಟಿನ ಮೇಲೆ ನಿಂತಿದೆ. ಮಂಚದ ಮೇಲೆ ಕೂತ್ಕೊಳ್ಳಿ. ಗೋಡೆಗೆ ಒರಗಬೇಡಿ, ಪ್ಲೈವುಡ್ಡು. ಈ ಸೆಟ್ಟಲ್ಲಿ ನಿಜವಾದ್ದು ಅಂದ್ರೆ ಧೂಳು ಒಂದೇ... ನಗ್ತೀರಾ ಅಂದ್ಕೊಂಡೆ.

ನಿನ್ನೆ ಧಾರಾವಾಹಿ ನೋಡಿದ್ರಂತೆ. ಅಣ್ಣನ ರೂಮು ಅಂತ ನೋಡಿದ ತಕ್ಷಣ ಗೊತ್ತಾಯ್ತಾ? ಹೌದು, ತಪ್ಪಾಯ್ತು. ಅಣ್ಣ ಹೋಗಿ ಇನ್ನೂ ವರ್ಷ ತುಂಬಿಲ್ಲ, ನಿಮ್ಮನ್ನೊಂದು ಮಾತು ಕೇಳ್ಬೇಕಿತ್ತು. "ಹೃದಯದ ಕಾಯಿಲೆಯವನ ರೂಮು, ನಾಳೆಗೆ ರೆಡಿ ಇರ್ಬೇಕು" ಅಂದ್ರು ನಿರ್ದೇಶಕರು. ಸೆಟ್ ಜೋಡಿಸೋದೇ ನನ್ನ ಕೆಲಸ, ಆದ್ರೆ ಇದನ್ನ ನಾನು ಜೋಡಿಸ್ಲೇ ಇಲ್ಲ. ಕೈ ತಾನಾಗೇ ಇಡ್ತಾ ಹೋಯ್ತು. ರೇಡಿಯೊ ಮೇಲೆ ಕನ್ನಡಕ, ಮುಚ್ಚಳ ಕಳೆದ ಮಾತ್ರೆ ಡಬ್ಬಿ, ಬಾಗಿಲ ಹಿಂದೆ ಶಾಲು... ಎಲ್ಲರೂ ಭೇಷ್ ಅಂದ್ರು.

ಅಳಬೇಡಿ... ಅಳ್ತಿಲ್ವಾ? ಮತ್ತೆ ಯಾಕೆ ಕಿಟಕಿನೇ ನೋಡ್ತಿದ್ದೀರಾ? ಅದರಾಚೆ ಏನಿಲ್ಲ, ಆಕಾಶ ಬರೆದಿರೋ ಬಟ್ಟೆ.

ಮಂಚಾನಾ? ಕಿಟಕಿ ಪಕ್ಕ ಯಾಕೆ ಅಂದ್ರೆ... ಅಣ್ಣನ ಮಂಚ ಅಲ್ಲೇ ತಾನೆ ಇದ್ದಿದ್ದು?

ಇಲ್ವಾ? ಯಾವಾಗ್ಲೂ ಮೂಲೇಲೇ ಇತ್ತಾ? ಕೊನೇ ದಿನ ಬೆಳಿಗ್ಗೆ, ಗಾಳಿ ಬರ್ಲಿ ಅಂತ, ಕೆಲಸಕ್ಕೆ ಹೋಗೋ ಮುಂಚೆ ನೀವೇ ಎಳೆದು ಹಾಕಿದ್ದಾ...

ಹಾಗಾದ್ರೆ ಸಂಜೆ ನೋಡಿರ್ಬೇಕು. ಸುದ್ದಿ ಕೇಳಿ ಶೂಟಿಂಗಿಂದ ಓಡಿ ಬಂದ್ನಲ್ಲ, ಆಗ. ಆಗ... ಹೌದು, ಆಗ ಅಣ್ಣನ್ನ ನಡುಮನೇಲಿ ಮಲಗಿಸಿದ್ರು. ಮಂಚ ಬಿಚ್ಚಿ ಹಿತ್ತಲಲ್ಲಿ ಒರಗಿಸಿಟ್ಟಿದ್ರು.

ಏಳ್ಬೇಡಿ ಅತ್ತಿಗೆ, ಕೂತ್ಕೊಳ್ಳಿ. ಬೈಯಿರಿ.

...ಅವತ್ತು ಮಧ್ಯಾಹ್ನ ಬಂದಿದ್ದೆ. ದಾರೀಲೇ ಮನೆ ಸಿಕ್ತಲ್ಲ ಅಂತ. ಅಣ್ಣ ಬೆವರ್ತಿದ್ದ. "ಎದೆ ಹಿಡ್ಕೊಂಡ ಹಾಗಿದೆ ಕಣೋ, ಅವಳು ಬರೋವರೆಗೂ ಕೂತಿರು" ಅಂದ. ಹೊರಗೆ ವ್ಯಾನ್ ನಿಂತಿತ್ತು, ಅದರಲ್ಲಿ ಸಾಹುಕಾರರ ಮನೆ ಸೆಟ್ಟಿನ ಸೋಫಾ. "ಸೆಕೆಗೆ ಹಾಗಾಗುತ್ತೆ, ನೀರು ಕುಡಿ" ಅಂದೆ. ಲೋಟ ಕೈಗೆಟುಕೋ ಹಾಗೆ ಇಟ್ಟು, ಬಾಗಿಲು ಮುಂದೆ ಮಾಡಿ ಹೊರಟುಬಿಟ್ಟೆ.

ಆಮೇಲೆ ಸೋಫಾ ಯಾವ ಕಡೆ ತಿರುಗಿಸಿದ್ರೆ ಚೆನ್ನ ಅಂತ ನೋಡ್ತಾ ನಿಂತಿದ್ದೆ ಅತ್ತಿಗೆ. ನಿಮ್ಮ ಫೋನ್ ಬರೋವರೆಗೂ ಅದನ್ನೇ ನೋಡ್ತಿದ್ದೆ.