ಸೆಜಾನ್ ಪಕ್ಕದಲ್ಲಿ ನನ್ನ ಪಟ

ನಮ್ಮ ಹೇಸ್ ಕನ್ನಡ ಗೆಳೆಯರ ಬಳಗದ ಅಧ್ಯಕ್ಷರಾದ ಶಿವಪ್ರಕಾಶ ಅವರೇ, ಭಾನುವಾರದ ರೈಲುಗಳನ್ನು ನಂಬಿ ಟೂಟಿಂಗ್‌ನಿಂದ ಇಲ್ಲಿಯವರೆಗೆ ಬಂದಿರುವ ಮುಖ್ಯ ಅತಿಥಿ ಡಾಕ್ಟರ್ ವೇದವತಿ ಅವರೇ, ಒಗ್ಗರಣೆಯ ವಾಸನೆ ಮೂಗಿಗೆ ಬಂದರೂ ಕುರ್ಚಿ ಬಿಟ್ಟು ಏಳದ ಸಭಿಕರೇ,

ಈ ವರ್ಷದ ವಾರ್ಷಿಕೋತ್ಸವದಲ್ಲಿ ‘ಯುರೋಪಿನ ಮಹಾನ್ ಚಿತ್ರಕಾರರ ಬದುಕು’ ಎಂಬ ವಿಷಯವಾಗಿ ಮಾತಾಡಬೇಕೆಂದು ನನಗೆ ಅಪ್ಪಣೆಯಾಗಿದೆ. ನಾನು ಚಿತ್ರಕಾರನಲ್ಲ. ಹೀಥ್ರೂ ಹತ್ತಿರದ ಗೋದಾಮಿನಲ್ಲಿ ವಿಮಾನಗಳಿಗೆ ಊಟದ ಟ್ರೇ ಕಟ್ಟಿಸುತ್ತಿದ್ದವನು, ಹೋದ ವರ್ಷ ನಿವೃತ್ತನಾದೆ. ಹಾಗಾದರೆ ಈ ನಾಗಲಿಂಗಪ್ಪನನ್ನೇ ಯಾಕೆ ಕರೆದರು? ಲೈಬ್ರರಿಯಲ್ಲಿ ಚಿತ್ರಗಳ ಪುಸ್ತಕ ತೆಗೆದುಕೊಂಡು ಓದುವವನು ಈ ಬಳಗದಲ್ಲಿ ನಾನೊಬ್ಬನೇ ಎಂದು ಅಧ್ಯಕ್ಷರಿಗೆ ಯಾರೋ ಚಾಡಿ ಹೇಳಿದ್ದಾರೆ.

ವಿಷಯಕ್ಕೆ ಹೋಗುವ ಮೊದಲು, ಸ್ವಲ್ಪ ಹೊತ್ತಿನ ಹಿಂದೆ ಈ ವೇದಿಕೆಯ ಮೇಲೆ ನಡೆದದ್ದನ್ನು ಹೇಳಿಬಿಡುತ್ತೇನೆ. ಮುಂದಿನ ಸಾಲಿನವರು ನೋಡಿದಿರಿ, ನೋಡಿ ಕೆಮ್ಮಿದಿರಿ. ಹಿಂದಿನ ಸಾಲಿನವರಿಗೆ ಇನ್ನೂ ಗೊತ್ತಿಲ್ಲ.

ಇಲ್ಲಿ ಮೇಜಿನ ಮೇಲೆ ರೆಂಬ್ರಾಂಟ್, ಟರ್ನರ್, ವ್ಯಾನ್ ಗೋ, ಸೆಜಾನ್, ಹೀಗೆ ಸಾಲಾಗಿ ಪಟಗಳನ್ನು ಇಟ್ಟಿದ್ದಾರೆ. ತೀರಿಹೋದ ದೊಡ್ಡವರ ಪಟ ಕಂಡರೆ ನಮ್ಮ ಕೈ ಸುಮ್ಮನಿರುವುದುಂಟೇ? ಗಂಧದ ಹಾರ ಹಾಕಿದೆವು, ದೀಪ ಹಚ್ಚಿದೆವು, ಪುಷ್ಪನಮನ ಎಂದು ಮೈಕಿನಲ್ಲಿ ಕೂಗಿದೆವು. ಸೆಜಾನರ ಪಕ್ಕದಲ್ಲಿ ಐದನೆಯ ಪಟ ಒಂದಿದೆ ನೋಡಿ. ಉಲ್ಲನ್ ಟೊಪ್ಪಿಗೆ, ದಪ್ಪ ಮೂಗು, ನಿದ್ದೆಗೆಟ್ಟ ಕಣ್ಣು. ಆ ಮಹಾನುಭಾವ ನಾನೇ.

ಆ ಚಿತ್ರ ಬಾಗಿಲ ಬಳಿ, ನಮ್ಮ ಸದಸ್ಯರ ಕೈಕೆಲಸದ ಮೇಜಿನ ಮೇಲೆ ಇರಬೇಕಿತ್ತು. ಕೊಲಿಂಡೇಲ್‌ನಿಂದ ಬೆಳಗ್ಗೆಯೇ ಬಂದು ಕುರ್ಚಿ ಹೊತ್ತ ನಮ್ಮ ಅಭಿಜಿತ್, ಯಾರೋ ಹಾಲೆಂಡಿನ ಹಿರಿಯರು ತಪ್ಪಿ ಅಲ್ಲಿಗೆ ಹೋಗಿದ್ದಾರೆಂದು ಭಾವಿಸಿ ಗೌರವದಿಂದ ಇಲ್ಲಿಗೆ ತಂದು ಕೂಡಿಸಿದರು. ಅಭಿಜಿತ್, ತಲೆ ತಗ್ಗಿಸಬೇಡಪ್ಪ. ರೆಂಬ್ರಾಂಟರ ಸಾಲಿನಲ್ಲಿ ಕೂಡಲು ನನ್ನ ಮೂಗಿಗೆ ಯೋಗ್ಯತೆ ಇದೆ ಎಂದು ತಿಳಿದವನು ನೀನೊಬ್ಬನೇ. ಮುಖ್ಯ ಅತಿಥಿಗಳು ನನಗೆ ಹೂ ಹಾಕಿ ಕೈಮುಗಿದರು. ಅವರ ಹಿಂದೆ ನಾನು. ಕನ್ನಡಕ ಜೇಬಿನಲ್ಲಿತ್ತು. ಎಲ್ಲರಿಗೂ ಹಾಕಿದ ಹಾಗೆ ನನಗೂ ಎರಡು ಸೇವಂತಿಗೆ ಹಾಕಿ, ಕಣ್ಣು ಮುಚ್ಚಿ, ಕೈಮುಗಿದು ಬಂದೆ. ತಮ್ಮ ಪಟಕ್ಕೆ ತಾವೇ ಹೂ ಹಾಕುವ ಭಾಗ್ಯ ಎಷ್ಟು ಜನಕ್ಕೆ ಸಿಕ್ಕೀತು, ನೀವೇ ಹೇಳಿ.

ನಗಿರಿ, ನಗಿರಿ. ಅದೇ ಗಂಧದ ಹಾರ ಕೊರಳಿಗೆ ಬಿದ್ದರೆ ಸನ್ಮಾನ, ಪಟಕ್ಕೆ ಬಿದ್ದರೆ ತಿಥಿ. ನನಗೇನೂ ಬೇಜಾರಿಲ್ಲ.

ಆದರೆ ಆ ಚಿತ್ರ ಬರೆದವರು ನಗುತ್ತಿಲ್ಲ. ಅವರು ನನ್ನ ಮನೆಯವರು, ರತ್ನವ್ವ. ಕೊನೆಯ ಸಾಲಿನಲ್ಲಿ, ಬಾಗಿಲ ಹತ್ತಿರ, ಕೈಚೀಲ ಮಡಿಲಲ್ಲಿಟ್ಟುಕೊಂಡು ಕೂತಿದ್ದಾರೆ. ಹಾರ ಕಂಡ ಕೂಡಲೇ ನನ್ನನ್ನು ಪರದೆಯ ಹಿಂದೆ ಕರೆದು ಹೇಳಿದರು: “ನನ್ನ ಕೈಲೆ ಇಂಥಾದ್ದು ಆತಲ್ರಿ. ಇನ್ನ ನಾ ಬ್ರಶ್ ಮುಟ್ಟೂದಿಲ್ಲ. ಬಣ್ಣ, ಹಲಗಿ, ಎಲ್ಲಾ ನಾಳೆ ಟಿಪ್ಪಿಗೆ ಒಗದು ಬರ್ತೀನಿ.” ಅವರು ಹೇಳಿದರೆ ಹೇಳಿದ್ದೇ. ನಾಳೆ ಬೆಳಗ್ಗೆ ಕೌನ್ಸಿಲ್‌ನವರ ಕಸದ ಟಿಪ್ ಬಾಗಿಲು ತೆಗೆಯುವ ಮೊದಲು ನನ್ನ ಕಡೆಯಿಂದ ಏನಾದರೂ ಆಗಬೇಕು. ನನ್ನ ಹತ್ತಿರ ಇರುವುದು ಈ ಮೈಕು ಮತ್ತು ಯುರೋಪಿನ ಚಿತ್ರಕಾರರು, ಅಷ್ಟೇ.

ಆದ್ದರಿಂದ, ಸಭಿಕರೇ, ಚಿತ್ರಕಾರರಿಗೆ ಬರೋಣ.

ರೆಂಬ್ರಾಂಟ್ ಹಿಟ್ಟಿನ ಗಿರಣಿಯವನ ಮಗ. ಟರ್ನರ್ ಈ ದೇಶದವರೇ, ಕ್ಷೌರಿಕನ ಮಗ. ಆ ಅಪ್ಪ ಮುದುಕನಾದ ಮೇಲೆ ಮಗನ ಕೋಣೆಯಲ್ಲಿ ಕ್ಯಾನ್ವಾಸ್ ಬಿಗಿದುಕೊಡುತ್ತಿದ್ದ. ವ್ಯಾನ್ ಗೋ ಅವರನ್ನು ತಮ್ಮ ಸಾಕಿದ. ಸೆಜಾನ್ ಬ್ಯಾಂಕಿನವನ ಮಗ, ಊಟಕ್ಕೆ ತೊಂದರೆಯಿರಲಿಲ್ಲ, ಆದರೂ ಮುಖದ ಮೇಲೆ ನಗೆಯಿಲ್ಲ. ಇವರೆಲ್ಲರ ಬದುಕು ಓದುತ್ತಾ ನಾನು ಒಂದು ಮಾತು ಗಮನಿಸಿದೆ. ಹೆಂಡತಿಯನ್ನು ಕೂಡಿಸಿ ಬರೆದ ಗಂಡಂದಿರು ಬೇಕಾದಷ್ಟು. ಗಂಡನನ್ನು ಕೂಡಿಸಿ ಬರೆದ ಹೆಂಡತಿಯರು ಎಷ್ಟು? ನಮ್ಮ ಲೈಬ್ರರಿಯ ಆ ಕಪಾಟಿನಲ್ಲಂತೂ ನನಗೆ ಸಿಗಲಿಲ್ಲ. ಕೂತವನ ಕಷ್ಟ ಆ ಪುಸ್ತಕಗಳಲ್ಲಿ ಎಲ್ಲೂ ಬರೆದಿಲ್ಲ.

ಆ ಕಷ್ಟ ನನಗೆ ಗೊತ್ತು. ಪ್ರತಿ ಶನಿವಾರ ಅಡುಗೆಮನೆಯ ಕಿಟಕಿಯ ಹತ್ತಿರ ಕೂಡಬೇಕು. ಕಾಲು ಜೋಮು ಹಿಡಿಯುತ್ತದೆ, ಕಿವಿ ತುರಿಸುತ್ತದೆ. ಸೆಜಾನ್ ತನ್ನೆದುರು ಕೂತವರಿಗೆ, ಸೇಬು ಅಲುಗಾಡುತ್ತದೆಯೇ ಎಂದು ಗದರುತ್ತಿದ್ದರಂತೆ. ನಮ್ಮಲ್ಲಿ ಧಾರವಾಡದ ಪದ್ಧತಿ: “ಬದನಿಕಾಯಿ ಅಳ್ಳಾಡತದೇನ್ರಿ? ಅದರಂಗ ಕುಂದರ್ರಿ.” ಕೂಡುತ್ತೇನೆ. ಖುಷಿಯಿಂದಲೇ ಕೂಡುತ್ತೇನೆ. ಇದನ್ನು ಅವರೆದುರು ಯಾವತ್ತೂ ಹೇಳಿಲ್ಲ.

ಈ ವಯಸ್ಸಿನಲ್ಲಿ ಇವರಿಗೆ ಚಿತ್ರದ ಹುಚ್ಚು ಎಲ್ಲಿಂದ ಹಿಡಿಯಿತು ಎಂದು ನೀವು ಕೇಳಬಹುದು. ಭಾಷಣದಲ್ಲಿ ಇದು ಇರಲಿಲ್ಲ. ಇರಲಿ, ಬಂದದ್ದು ಬಂತು. ಹೋದ ವರ್ಷ ನನ್ನ ಎದೆ ಕೊಯ್ದು ಹೊಲಿದರು, ನಿಮಗೆ ಗೊತ್ತು. ಸರದಿ ಹಾಕಿಕೊಂಡು ಸಾರು ತಂದುಕೊಟ್ಟಿದ್ದೀರಿ. ಮನೆಗೆ ಬಂದ ಮೇಲೆ ಒಂದು ದಿನ ರತ್ನವ್ವ ಚಪಾತಿ ಲಟ್ಟಿಸುತ್ತಾ, ನನ್ನ ಕಡೆ ನೋಡದೆ ಹೇಳಿದರು: “ನೀವು ಆಪರೇಶನ್ನಿಗೆ ಒಳಗ ಹೋದಾಗ ಹೊರಗ ಕುಂತು ಕಣ್ಣು ಮುಚ್ಚಿ ನಿಮ್ಮ ಮುಖಾ ನೆನಸಿದೆ. ಬರಲಿಲ್ಲ. ಜಾಕೀಟ ಬಂತು, ಊಟದ ಡಬ್ಬಿ ಬಂತು, ಮುಖಾ ಬರಲೇ ಇಲ್ರಿ.”

ಹೇಗೆ ಬರಬೇಕು? ನಾನು ಶಿಫ್ಟ್ ಮುಗಿಸಿ ಬಾಗಿಲು ತೆಗೆಯುವ ಹೊತ್ತಿಗೆ ಅವರು ಶಾಲೆಯ ಅಡುಗೆಮನೆಯ ಕೆಲಸಕ್ಕೆ ಕೋಟಿನ ಗುಂಡಿ ಹಾಕುತ್ತಿದ್ದರು. ಮಕ್ಕಳನ್ನು ಕೈಯಿಂದ ಕೈಗೆ ದಾಟಿಸಿದೆವು. ಹಾಲು ತಂದಿಲ್ಲ, ಗ್ಯಾಸಿನವನು ಬರುತ್ತಾನೆ, ಹೀಗೆ ಮಾತು. ಮುಖ ಯಾರು ನೋಡಿದರು? ಮರುವಾರವೇ ಕೌನ್ಸಿಲ್‌ನ ಸಂಜೆಯ ಚಿತ್ರಕಲೆ ಕ್ಲಾಸಿಗೆ ಹೆಸರು ಹಚ್ಚಿ ಬಂದರು. ಬೇರೆಯವರು ಹೂದಾನಿ ಬರೆದರು, ಇವರು ನನ್ನ ಹುಬ್ಬಿನಿಂದ ಶುರು ಮಾಡಿದರು.

ಈಗ ಇವರ ಹೆದರಿಕೆ ಏನು? ಚಿತ್ರಕ್ಕೆ ಹಾರ ಬಿತ್ತು, ಇನ್ನು ಮನುಷ್ಯನಿಗೆ ಕೇಡು ಕಾದಿದೆ ಎಂದು. ಇದಕ್ಕೆ ಉತ್ತರ ಕೊಡಲು ಪರದೆಯ ಹಿಂದೆ ನಿಂತು ಬೇಗಬೇಗ ನೆನಪು ಮಾಡಿಕೊಂಡೆ. ಸೆಜಾನ್ ಹೆಂಡತಿಯನ್ನು ಮತ್ತೆ ಮತ್ತೆ ಬರೆದರು, ಆಕೆ ಗಂಡನಿಗಿಂತ ಎಷ್ಟೋ ವರ್ಷ ಹೆಚ್ಚು ಬಾಳಿದರು. ಗೆದ್ದೆ ಅಂದುಕೊಂಡೆ. ಅಷ್ಟರಲ್ಲಿ ರೆಂಬ್ರಾಂಟರ ಹೆಂಡತಿ ಸಸ್ಕಿಯಾ ನೆನಪಾಗಿ ನನ್ನ ವಾದವೆಲ್ಲ ಕೆಟ್ಟಿತು. ಆಕೆಯನ್ನೂ ಬಹಳ ಬರೆದಿದ್ದಾರೆ. ಆಕೆ ಮೂವತ್ತು ತುಂಬುವ ಮೊದಲೇ ಹೋದರು. ನಾನು ಸುಳ್ಳು ಹೇಳಲಾರೆ. ಬರೆಸಿಕೊಂಡವರು ಉಳಿಯುತ್ತಾರೆ ಎಂದು ಯಾವ ಪುಸ್ತಕದಲ್ಲೂ ಇಲ್ಲ.

ಆದರೆ ಸಸ್ಕಿಯಾ ಹಾಸಿಗೆಯಲ್ಲಿ ಮಲಗಿರುವ ರೇಖಾಚಿತ್ರಗಳಿವೆ. ನಾಲ್ಕು ಗೆರೆಯಲ್ಲಿ ದಿಂಬು, ಅದರ ಮೇಲೆ ದಣಿದ ಮುಖ. ಅವನ್ನು ಯಾರೂ ಹಣ ಕೊಟ್ಟು ಬರೆಸಿದ ಹಾಗೆ ಕಾಣುವುದಿಲ್ಲ. ಹತ್ತಿರ ಕೂತು ನೋಡುತ್ತಿದ್ದವನ ಕೈ ಅದು. ಆ ಪುಟ ತೆರೆದುಕೊಂಡು ನಾನು ಲೈಬ್ರರಿಯಲ್ಲಿ ಬಹಳ ಹೊತ್ತು ಕೂತಿದ್ದೆ. ನನಗೆ ಅಳು ಬಂತು. ಯಾರಿಗಾದರೂ ಹೇಳಿದ್ದೇನೆಯೇ? ಈಗ ಹೇಳಿದೆ, ಹೇಸ್‌ಗೆಲ್ಲ ಕೇಳುವ ಹಾಗೆ.

ಸಭೆಯ ಕ್ಷಮೆ ಕೋರಿ ಒಂದು ಮಾತು ಮನೆಯ ಕನ್ನಡದಲ್ಲಿ ಆಡುತ್ತೇನೆ. ರತ್ನಾ, ನಾ ಸಾಯಾಂವನ. ಇವತ್ತಲ್ಲ ನಾಳೆ, ಹಾರ ಬಿದ್ರೂ ಸಾಯಾಂವ, ಬೀಳದಿದ್ರೂ ಸಾಯಾಂವ. ಇಷ್ಟು ವರ್ಷ ನನ್ನ ಯಾರೂ ಹಂಗ ನೋಡಿದ್ದಿಲ್ಲ. ನೀ ನೋಡಾಕತ್ತಿ. ಅದನ್ನ ಬಿಡಬ್ಯಾಡ.

ಹಿಂದಿನ ಸಾಲಿನವರು ದಯವಿಟ್ಟು ಅವರ ಕಡೆ ತಿರುಗಬೇಡಿ. ನಾಚಿಕೆ ಸ್ವಭಾವ. ಬಾಗಿಲ ಕಡೆ ಹೋದರೆ ಹೋಗಲಿ, ದಾರಿ ಬಿಡಿ.

ಎದ್ದಿದ್ದಾರೆ.

ಇಲ್ಲ, ನಿಂತರು. ಬಾಗಿಲಿಗೆ ಬೆನ್ನು ಹಾಕಿ, ಒಂದು ಕಣ್ಣು ಮುಚ್ಚಿ ನನ್ನನ್ನೇ ನೋಡುತ್ತಿದ್ದಾರೆ. ಕೈಯಿಂದ ಏನೋ ಸನ್ನೆ ಮಾಡುತ್ತಿದ್ದಾರೆ. ಗದ್ದ ಮೇಲೆತ್ತಬೇಕಂತೆ. ಎತ್ತಿದೆ. ಸ್ವಲ್ಪ ಎಡಕ್ಕಂತೆ. ಹೀಗೆಯೇ? ಹೀಗೆ.

ಅಧ್ಯಕ್ಷರೇ, ಮುಖ್ಯ ಅತಿಥಿಗಳೇ, ಸಭಿಕರೇ, ಇಷ್ಟು ಹೊತ್ತು ಕೇಳಿದ ನಿಮಗೆಲ್ಲ ನನ್ನ ಕೃತಜ್ಞತೆ. ಊಟಕ್ಕೆ ಏಳಿ, ನನ್ನನ್ನು ಕಾಯಬೇಡಿ. ಕೈಮುಗಿಯಬೇಕು, ಆದರೆ ಅಲುಗಾಡುವ ಹಾಗಿಲ್ಲ. ಬಾಯಿಂದಲೇ ನಮಸ್ಕಾರ.