ಪ್ರಳಯಕ್ಕೆ ಮುಂಚೆ ಬಿಟ್ಟ ನೀರು

…ನಗ್ತೀಯಲ್ಲೇ ಶಿಲ್ಪಾ, ನಗಬ್ಯಾಡ. ಆವಾಗ ನಮ್ಮ ಬಿಳಿಚೋಡ್ನಾಗೆ ಯಾರೂ ನಗ್ಲಿಲ್ಲ. ಯಾವನೋ ಮೊಬೈಲ್ನಾಗೆ ಹೇಳಿದ್ನಂತೆ, ಅಮಾಸೆಗೆ ಪ್ರಳಯ, ಭೂಮಿನೇ ಮುಳುಗ್ತೈತೆ ಅಂತ. ಆ ಮಾತು ಮನೆಮನೆ ಸುತ್ತಿ ಜನ ಹೊಲಕ್ಕೆ ಹೋಗಾದೂ ಬಿಟ್ರು ನೋಡು. ಕುರಿಯೋರು ಹಟ್ಟಿಯಿಂದ ಕುರಿ ಹೊರಗೆ ಬಿಡ್ಲಿಲ್ಲ, ಕೋಳಿ ಇದ್ದೋರು ಕೊಯ್ಕಂಡು ತಿಂದ್ರು. ಅದಕ್ಕಿಂತ ದೊಡ್ಡ ಚಿಂತೆ ಏನಂದ್ರೆ, ಸಾಯೋರ ಬಾಯಿಗೆ ರಕ್ತಸಂಬಂಧದೋರು ನೀರು ಬಿಡಬೇಕಲ್ಲ, ಎಲ್ರೂ ಒಟ್ಟಿಗೆ ಸತ್ರೆ ಯಾರಿಗೆ ಯಾರು ಬಿಡಾದು? ಊರ ಹಿರೇರು ಅಂದ್ರು, "ಜೀವ ಇದ್ದಾಗ್ಲೇ ಬಿಡ್ಕಂಬಿಡ್ರಪ್ಪಾ ಅತ್ಲಾಗೆ." ಅಮಾಸೆ ದಿನ ಸಂಜೆ ಊರೇ ಚೊಂಬು ಹಿಡ್ಕಂಡು ಬಸವಣ್ಣನ ಗುಡಿ ಮುಂದೆ ಕೂಡ್ತು.

ನಮ್ಮಣ್ಣ ಈರಣ್ಣ ಇದೇ ಊರಾಗಿದ್ರೂ ನನ್ನ ಕೂಡ ಮಾತು ಬಿಟ್ಟು ಏಸೋ ವರ್ಷ ಆಗಿತ್ತು. ಯಾಕಂದ್ರೆ ನಿಮ್ಮಪ್ಪನ ಮದ್ವೆಗೆ… ಅಲ್ಲಲ್ಲ, ನಿಮ್ಮತ್ತೆ ಮದ್ವೆಗೆ, ನಿಮ್ಮ ತಾತ ಅಣ್ಣನ ಮನೆಗೆ ಹೋಗಿ ಎಲೆ ಅಡಿಕೆ ಇಟ್ಟು ಕರೀಲಿಲ್ಲ, ಫೋನ್ನಾಗೆ "ಬಾರಪ್ಪಾ" ಅಂದ್ಬಿಟ್ರು. ಸೋದರಮಾವನ್ನ ಹಂಗಾ ಕರೆಯಾದು? ಬರ್ಲೇ ಇಲ್ಲ ಅವನು. ಆವತ್ತು ಗುಡಿ ಮುಂದೆ ಜನದಾಗಿಂದ ದಾರಿ ಮಾಡ್ಕಂಡು ಬಂದ. "ತಂಗೀ, ಬಾಯಿ ತೆಗಿಯವ್ವಾ" ಅಂದ. ಅವನು ನಂಗೆ ನೀರು ಬಿಟ್ಟ, ನಾನು ಅವನಿಗೆ ಬಿಟ್ಟೆ. ಅಷ್ಟು ಜನರ ಮುಂದೆ ಗೊಳೋ ಅಂತ ಅತ್ಬಿಟ್ಟ ಕಣೇ. ಪ್ರಳಯ ಬಂದ್ರೆ ಬರ್ಲಿ ಬಿಡು ಅನ್ನಿಸ್ತು ನಂಗೆ.

ಬರ್ಲಿಲ್ಲ. ಹೊತ್ತು ಹುಟ್ತು, ಜಗಳೂರು ಬಸ್ಸೂ ಬಂತು. ಒಬ್ರ ಮುಖ ಒಬ್ರು ನೋಡಾಕೂ ಜನಕ್ಕೆ ನಾಚ್ಕೆ. ಚಾದಂಗಡಿಯಾಗೆ ಅಣ್ಣನ ಓರಗೆಯೋರು ಆಡ್ಕಂಡ್ರು, "ಏನ್ ಈರಣ್ಣಾ, ಪ್ರಳಯ ಬಂದಿದ್ದು ನಿನ್ ಕಣ್ಣಾಗೆ ಮಾತ್ರ ನೋಡಪ್ಪಾ!" ಅದೇ ಆತು ನೋಡು. ಆಮೇಲಿಂದ ನನ್ನ ಕಂಡ್ರೆ ಬೇರೆ ದಾರಿ ಹಿಡೀತಿದ್ದ. "ಅಣ್ಣಾ, ಅಣ್ಣಾ" ಅಂತ ಕೂಗಿದೆ, ತಿರುಗಿ ನೋಡ್ಲಿಲ್ಲ. ಎಲ್ರ ಮುಂದೆ ಅತ್ತೆನಲ್ಲಾ ಅನ್ನಾ ನಾಚ್ಕೆ ಅವನಿಗೆ. ಮುಂದೆ ಕಾಯಿಲೆ ಬಿದ್ದ. ಜೀವ ನಿಲ್ಲಲ್ಲ ಅಂತ ಹೇಳಿ ಕಳಿಸಿದ್ರು, ಚೊಂಬು ಹಿಡ್ಕಂಡು ಓಡಿದೆ. ನೀರು ಬಿಟ್ರೆ ಒಳಗೆ ಇಳೀಲಿಲ್ಲ ಕಣೇ, ಕೆನ್ನೆ ಮ್ಯಾಲೆ ಹರಿದು ದಿಂಬು ನೆನೀತು. ಗುಡಿ ಮುಂದೆ ಕುಡಿದಿದ್ದೇ ನನ್ ಕೈಯಿಂದ ಕೊನೇದಾತು.

ನೀನು ತಮ್ಮನ ಕೂಡ ಮಾತು ಬಿಟ್ಟಿದೀಯಂತೆ, ಅದೂ ಚಾರ್ಜರ್ ಸಲುವಾಗಿ? ಒಡಹುಟ್ಟಿದೋನ್ನ ಮಾತಾಡ್ಸಾಕೆ ಪ್ರಳಯಾನೇ ಬರಬೇಕೇನೇ? ಏಳು, ರೊಟ್ಟಿ ಆರ್ತೈತೆ. ಊಟಕ್ಕೆ ಕರಿ ಅವನ್ನ. ಇಲ್ಲಿಂದ ಕೂಗಬ್ಯಾಡ, ಹತ್ರ ಹೋಗಿ ಕರಿ.